ಊರಿಗೆ ಕಳಿಸಿದರೆ ಸರಿಹೋಗ್ತಾನಾ?

ಅಧ್ಯಕ್ಷರೇ, ಸಂಘದ ಸ್ನೇಹಿತರೇ,

ಸಿನಿಮಾ ಮುಗಿದು ಲೈಟು ಹಾಕಿದ ಕೂಡಲೇ ಮುಂದಿನ ಸಾಲಿನ ಹಿರಿಯರೊಬ್ಬರು ನನ್ನ ಕೈ ಹಿಡಿದು, "ಕೊನೆಗೆ ಆ ಹುಡುಗ ಸರಿಹೋದನೋ ಇಲ್ಲವೋ ಗೊತ್ತೇ ಆಗಲಿಲ್ಲವಲ್ಲ ಮಾರಾಯ್ರೇ" ಅಂದರು. ಚಹಾ ಕುಡಿಯುವಾಗ ಇನ್ನಿಬ್ಬರು ಅದನ್ನೇ ಕೇಳಿದರು. ನಾನು ಬರೆದುಕೊಂಡು ಬಂದದ್ದು ಬೇರೆ ಇತ್ತು. ಇರಲಿ, ಈ ದೂರಿನಿಂದಲೇ ಶುರು ಮಾಡ್ತೀನಿ.

ನೀವೀಗ ನೋಡಿದ 'ಬ್ಯೂಟಿಫುಲ್ ಬಾಯ್' 2018ರ ಚಿತ್ರ. ಅಪ್ಪ ಡೇವಿಡ್ ಶೆಫ್, ಡ್ರಗ್ಸ್ ಚಟಕ್ಕೆ ಬಿದ್ದ ಮಗ ನಿಕ್, ಇಬ್ಬರೂ ನಿಜವಾದ ಜನ. ಇಬ್ಬರೂ ತಮ್ಮ ತಮ್ಮ ಕಥೆ ಬರೆದರು, ಎರಡೂ ಸೇರಿ ಸಿನಿಮಾ ಆಯಿತು. ನಮ್ಮ ಕಡೆಯ ಚಿತ್ರವಾಗಿದ್ದರೆ ಅಮ್ಮ ಒಂದು ಸಲ ಅತ್ತು, ಒಂದು ಹಾಡು ಮುಗಿಯುವಷ್ಟರಲ್ಲಿ ಹುಡುಗ ಸ್ನಾನ ಮಾಡಿ ವಿಭೂತಿ ಇಟ್ಟುಕೊಂಡು ನಿಂತಿರುತ್ತಿದ್ದ. ಇಲ್ಲಿ ಹಾಗಾಗೋದಿಲ್ಲ. ಬಿಡುತ್ತಾನೆ, ಮತ್ತೆ ಹಿಡಿಯುತ್ತಾನೆ. ಮತ್ತೆ ಬಿಡುತ್ತಾನೆ. ನೋಡುವವರಿಗೆ ಸುಸ್ತಾಗುತ್ತದೆ. ಆಗಲೇಬೇಕು, ಆ ಅಪ್ಪನಿಗೆ ಆದದ್ದೂ ಅದೇ ಅಲ್ವಾ?

ತಮ್ಮನ ದುಡ್ಡು ಕದ್ದದ್ದು ನೆನಪಿದೆಯಾ? ಎಂಟು ಡಾಲರ್. ಚಿಕ್ಕ ಹುಡುಗ ಕೂಡಿಟ್ಟ ಚಿಲ್ಲರೆ. ಅಣ್ಣ ಅಂದರೆ ಪ್ರಾಣ ಬಿಡುವ ತಮ್ಮ ಅವನು. ಲಕ್ಷ ಕದ್ದಿದ್ದರೆ ಪೊಲೀಸರಿಗೆ ಹೇಳಬಹುದು, ಎಂಟು ಡಾಲರಿಗೆ ಯಾರಿಗೆ ಹೇಳ್ತೀರಿ?

ಇನ್ನು ನನ್ನ ಹಳೇ ರಾಗ. ಕೆಲವರು ಮೊದಲೇ ಕೇಳಿದ್ದೀರಿ, ಕ್ಷಮಿಸಿ. ಮುಂಬಯಿಯ ನಮ್ಮ ಜನಕ್ಕೆ ಎಲ್ಲದಕ್ಕೂ ಒಂದೇ ಮದ್ದು: ಊರಿಗೆ ಕಳಿಸು. ಪರೀಕ್ಷೆಯಲ್ಲಿ ಫೇಲಾದನಾ, ಊರಿಗೆ ಕಳಿಸು. ಹುಡುಗಿ ಜೊತೆ ಕಂಡನಾ, ಊರಿಗೆ ಕಳಿಸು. ಎಂಡಿ, ಅಂದರೆ ಮೆಫೆಡ್ರೋನ್ ಡ್ರಗ್, ಎಳೆಯುತ್ತಾನಾ, ಇವತ್ತೇ ಮತ್ಸ್ಯಗಂಧ ರೈಲಿಗೆ ಟಿಕೆಟ್ ತೆಗಿ.

ನಮ್ಮ ಪರಿಚಯದ ಒಬ್ಬ ಹೋಟೆಲ್ ಯಜಮಾನರು, ಹೆಸರು ಬೇಡ, ಹಾಗೇ ಮಾಡಿದರು. ಹನ್ನೊಂದನೇ ಕ್ಲಾಸಿನ ಮಗ. ಗಲ್ಲೆಯಲ್ಲಿ ದುಡ್ಡು ಕಡಿಮೆ ಬೀಳ್ತಾ ಇತ್ತು. ಪಾಪ, ಮೊದಲು ಕ್ಯಾಶಿಯರ್ ಮೇಲೆ ಅನುಮಾನ, ಅವನನ್ನು ತೆಗೆದದ್ದೂ ಆಯಿತು. ನಿಜ ಗೊತ್ತಾದ ಮೇಲೆ ಮಗನನ್ನು ಉಡುಪಿ ಕಡೆಯ ಹಳ್ಳಿಗೆ ಅಜ್ಜಿಯ ಹತ್ತಿರ ಸಾಗಿಸಿದರು. ಇಲ್ಲಿ ಯಾರು ಕೇಳಿದರೂ "ತೋಟ ನೋಡ್ಕೊಳ್ತಾ ಇದ್ದಾನೆ" ಅನ್ನೋರು. ತೋಟ ಚೆನ್ನಾಗಿಯೇ ನೋಡಿಕೊಂಡ! ಮೊದಲು ಅಡಿಕೆ ಚೀಲ ಒಂದೊಂದಾಗಿ ಮಾಯವಾಯಿತು. ಆಮೇಲೆ ಬಚ್ಚಲಿನ ತಾಮ್ರದ ಹಂಡೆ. ಅಜ್ಜಿ ಮದುವೆಯಾಗಿ ಬಂದಾಗಿನಿಂದ ಒಲೆ ಮೇಲೆ ಕೂತಿದ್ದ ಹಂಡೆ ಅದು, ಇಬ್ಬರು ಹಿಡಿದರೂ ಏಳುವಂಥದ್ದಲ್ಲ. ಅಜ್ಜಿಗೆ ಮೊಮ್ಮಗನ ಮೇಲೆ ಅನುಮಾನವೇ ಇಲ್ಲ. ಜೋಯಿಸರ ಹತ್ತಿರ ಪ್ರಶ್ನೆ ಇಡಿಸಿದರು, ನಾಗದೋಷ ಅಂತ ಬಂತು. ಮುಂಬಯಿಯಿಂದ ದುಡ್ಡು ಹೋಯಿತು, ಆಶ್ಲೇಷಾ ಬಲಿ ಆಯಿತು, ಊಟವೂ ಭರ್ಜರಿಯಾಗಿತ್ತಂತೆ. ಬಡಿಸಲು ನಿಂತವನು ಅದೇ ಮೊಮ್ಮಗ. ಹಂಡೆ ಮಾತ್ರ ಪೇಟೆಯ ಗುಜರಿ ಅಂಗಡಿಯಲ್ಲಿತ್ತು.

ನಗಿ, ನಗಿ. ಯಜಮಾನರೂ ಈಗ ನಗುತ್ತಲೇ ಹೇಳ್ತಾರೆ.

ಸಿನಿಮಾದಲ್ಲೂ ನೋಡಿ, ಊರು ಎಷ್ಟು ಸಲ ಬದಲಾಗುತ್ತದೆ. ಸ್ಯಾನ್ ಫ್ರಾನ್ಸಿಸ್ಕೋ ಹತ್ತಿರದ ಮನೆ, ನ್ಯೂಯಾರ್ಕ್, ಅಮ್ಮನಿರುವ ಲಾಸ್ ಏಂಜಲೀಸ್. ಅಲ್ಲಿ ಒಂದು ವರ್ಷಕ್ಕೂ ಜಾಸ್ತಿ ಮುಟ್ಟದೆ ಇದ್ದವನು ಮತ್ತೆ ಜಾರುತ್ತಾನೆ. ಹಳೇ ಗೆಳೆಯ, ಹಳೇ ರಸ್ತೆ, ಒಂದು ಫೋನ್ ನಂಬರ್ ಸಾಕು, ಮಿದುಳಿಗೆ ಎಲ್ಲ ನೆನಪಾಗುತ್ತದೆ. ಅದರಲ್ಲೂ ಹದಿಹರೆಯದ ಮಿದುಳು. ಬೇಕು ಅನ್ನುವ ಭಾಗ ಬೇಗ ಬೆಳೆಯುತ್ತದೆ, ತಡಿ ಅನ್ನುವ ಭಾಗ ಬಲಿಯುವಾಗ ಇಪ್ಪತ್ತೈದರ ಹತ್ತಿರ ಬಂದಿರುತ್ತದೆ.

ಚಿಕಿತ್ಸೆ ಆದವರಲ್ಲಿ ನೂರಕ್ಕೆ 40ರಿಂದ 60 ಜನ ಮತ್ತೆ ಹಿಡಿಯುತ್ತಾರೆ ಅಂತ ಅಮೆರಿಕದ ಸರಕಾರಿ ಸಂಶೋಧನಾ ಸಂಸ್ಥೆಯ ಅಂದಾಜು. ಬಿಪಿ ಕಾಯಿಲೆ ಮರುಕಳಿಸುವುದು ಇದಕ್ಕಿಂತ ಜಾಸ್ತಿ, 50ರಿಂದ 70. ಈ ಹಾಲ್‌ನಲ್ಲಿ ಬಿಪಿ ಮಾತ್ರೆ ಒಂದು ದಿನವೂ ತಪ್ಪಿಸದವರು ಕೈ ಎತ್ತಿ ನೋಡೋಣ. ಹ್ಞಾಂ, ಮೂರು ಕೈ, ಅದರಲ್ಲಿ ಒಬ್ಬರು ಡಾಕ್ಟರು. ಉಪ್ಪಿನಕಾಯಿ ತಿಂದು ಬಿಪಿ ಏರಿದರೆ ನಿಮ್ಮನ್ನು ಊರಿಗೆ ಕಳಿಸ್ತಾರಾ?

ಇದನ್ನು ಹೇಳಿದರೆ, "ಹಾಗಾದರೆ ಬಿಟ್ಟು ಪ್ರಯೋಜನವೇನು" ಅಂತಾರೆ. ತುಂಬ ಪ್ರಯೋಜನವಿದೆ. ಆದರೆ ಮತ್ತೆ ಹಿಡಿದಾಗ ಮುಚ್ಚಿಡಬೇಡಿ. ಗರ್ದ್, ಅಂದರೆ ಬ್ರೌನ್ ಶುಗರ್ ಅನ್ನುವ ಕಲಬೆರಕೆ ಹೆರಾಯಿನ್, ಬಿಟ್ಟು ಸ್ವಲ್ಪ ದಿನವಾದ ಮೇಲೆ ಮೈಗೆ ಹಳೇ ತಾಕತ್ತು ಇರೋದಿಲ್ಲ. ಮೊದಲಿನಷ್ಟೇ ತೆಗೆದುಕೊಂಡರೆ ಉಸಿರು ನಿಂತುಬಿಡಬಹುದು. ನಾಚಿಕೆಯಿಂದ ಬಾಗಿಲು ಹಾಕಿಕೊಂಡ ಹುಡುಗನನ್ನು ಯಾರು ನೋಡ್ತಾರೆ ಹೇಳಿ.

ಚೀಟಿ ಬಂತು. ಹತ್ತು ನಿಮಿಷವಂತೆ. ಅಧ್ಯಕ್ಷರ ಹತ್ತು ನಿಮಿಷ ನನಗೆ ಗೊತ್ತು, ಐದು.

ಪುಣೆಯ ಮುಕ್ತಾಂಗಣ ಅನ್ನುವ ಚಟ ಬಿಡಿಸುವ ಕೇಂದ್ರದ ಬಗ್ಗೆ ದೊಡ್ಡದಾಗಿ ಹೇಳಬೇಕಿತ್ತು. ಮರಾಠಿ ಲೇಖಕ ಅನಿಲ್ ಅವಚಟ್ ಗರ್ದ್ ಸೇದುವ ಹುಡುಗರ ಬಗ್ಗೆ ಬರೆದರು, ಅದನ್ನು ಓದಿ ಮರಾಠಿಯ ಹಾಸ್ಯ ಸಾಹಿತಿ ಪು.ಲ. ದೇಶಪಾಂಡೆ ದಂಪತಿ ದುಡ್ಡು ಕೊಟ್ಟರು. ಪು.ಲ. ಅಂದರೆ ನಮ್ಮ ಬೆಳಗಾವಿಯಲ್ಲಿ ಮೇಷ್ಟ್ರಾಗಿದ್ದವರು, ಅಷ್ಟು ಹಕ್ಕು ನಮಗೂ ಇದೆ. ಅವಚಟ್ ಅವರ ಹೆಂಡತಿ ಮನೋವೈದ್ಯೆ, 1986ರಲ್ಲಿ ಯೆರವಡಾದಲ್ಲಿ ಕೇಂದ್ರ ಶುರುವಾಯಿತು. ಇಲ್ಲೇ ಬಾಂದ್ರಾದಲ್ಲಿ ಫಾದರ್ ಜೋ ಪೆರೇರಾ ಅವರ ಕೃಪಾ ಫೌಂಡೇಶನ್ ಅದಕ್ಕೂ ಹಳೆಯದು, ಯೋಗವನ್ನೂ ಸೇರಿಸಿ ನಡೆಸುತ್ತಾರೆ. ಎರಡೂ ಊರಿಗಿಂತ ಹತ್ತಿರ, ನೋಡಿ.

ಕಾನೂನಿನ ಭಯ ಇದ್ದವರಿಗೆ ಒಂದೇ ಮಾತು. ಎನ್‌ಡಿಪಿಎಸ್, ಅಂದರೆ ಮಾದಕ ವಸ್ತುಗಳ ಕಾನೂನು, 1985ರ ಕಾಯ್ದೆ. ಅದರ 64ಎ ಕಲಮಿನ ಪ್ರಕಾರ, ಸೇವಿಸಿದ್ದಕ್ಕೆ ಅಥವಾ ಚಿಕ್ಕ ಪ್ರಮಾಣ ಸಿಕ್ಕಿದ್ದಕ್ಕೆ ಕೇಸಾದವನು ತಾನಾಗಿ ಮಾನ್ಯತೆ ಇರುವ ಕಡೆ ಚಿಕಿತ್ಸೆಗೆ ಹೋದರೆ ಮೊಕದ್ದಮೆಯಿಂದ ರಕ್ಷಣೆ ಇದೆ. ಚಿಕಿತ್ಸೆ ಪೂರ್ತಿ ಮಾಡಬೇಕು, ವಕೀಲರನ್ನು ಕೇಳಿ. ಸರಕಾರದ ಸಹಾಯವಾಣಿ 14446, ಕರೆಗೆ ದುಡ್ಡಿಲ್ಲ. ಬರೆದುಕೊಳ್ಳಿ, ಬೇರೆಯವರಿಗೆ ಅಂತಲೇ ಬರೆದುಕೊಳ್ಳಿ.

ಮಲತಾಯಿ ಕಾರಿನಲ್ಲಿ ನಿಕ್‌ನ ಹಿಂದೆ ಓಡಿಸಿಕೊಂಡು ಹೋಗಿ, ಸಾಕಾಗಿ, ನಿಲ್ಲಿಸಿ ಅಳುವ ದೃಶ್ಯದ ಬಗ್ಗೆ ಎರಡು ಪುಟ ಬರೆದಿದ್ದೆ. ಹೋಯಿತು. ಅಮ್ಮಂದಿರು ಎಲ್ಲಿ ನಿಲ್ಲಿಸಬೇಕು ಅಂತ ನನ್ನಂಥ ಗಂಡಸು ಭಾಷಣ ಮಾಡೋದೂ ಅಷ್ಟಕ್ಕಷ್ಟೇ.

ಮೊದಲ ಸಾಲಿನವರಿಗೆ ಉತ್ತರ ಬಾಕಿ ಇದೆ. ಆಗ ನಿಕ್ ಎಂಟು ವರ್ಷದಿಂದ ಮುಟ್ಟಿಲ್ಲ ಅಂತ ಚಿತ್ರದ ಕೊನೆಯ ಬರಹದಲ್ಲಿತ್ತು, ನೀವು ಆಗಲೇ ಚಪ್ಪಲಿ ಹುಡುಕ್ತಾ ಇದ್ದಿರಿ. ಯಜಮಾನರ ಮಗನೂ ಎರಡು ಸಲ ಕೇಂದ್ರಕ್ಕೆ ಹೋಗಿ ಬಂದ, ಈಗ ಗಲ್ಲೆಯಲ್ಲಿ ಕೂರುತ್ತಾನೆ. ಕೀಲಿ ಅಪ್ಪನ ಹತ್ತಿರವೇ ಇದೆ.

ಪ್ರಶ್ನೆ ಇದ್ದರೆ ಕೇಳಿ. "ನನ್ನ ಮಗನಲ್ಲ, ನನ್ನ ಸ್ನೇಹಿತನ ಮಗ" ಅಂತ ಶುರು ಮಾಡಿದರೂ ಪರವಾಗಿಲ್ಲ.