ನಗಿಸಲು ಹೊರಡದ ನಟಿ: ಮಾರ್ಗರೆಟ್ ರುದರ್‌ಫರ್ಡ್

ಕೇಳುಗರಿಗೆ ನಮಸ್ಕಾರ. ನಾಟಕದಲ್ಲಿ ಪುಟ್ಟದೊಂದು ಹಾಸ್ಯಪಾತ್ರ ಸಿಕ್ಕಿ, ಜನರನ್ನು ಹೇಗಪ್ಪಾ ನಗಿಸಲಿ ಎಂದು ತಲೆ ಕೆಡಿಸಿಕೊಂಡಿರುವ ಹವ್ಯಾಸಿ ಕಲಾವಿದರಿಗೆ ಇವತ್ತಿನ ಮಾತು. ನಗಿಸಲು ಹೋಗಬೇಡಿ. ಇಷ್ಟೇ. ಇಂಗ್ಲೆಂಡಿನ ಪೋಷಕ ನಟಿ ಮಾರ್ಗರೆಟ್ ರುದರ್‌ಫರ್ಡ್ ಅವರ ಇಡೀ ವೃತ್ತಿ ನಿಂತದ್ದು ಇದರ ಮೇಲೆ.

ಅವರು ಹುಟ್ಟಿದ್ದು 1892ರಲ್ಲಿ, ಲಂಡನ್ನಿನಲ್ಲಿ. ಕೂಸಾಗಿದ್ದಾಗ ಕೆಲಕಾಲ ಮದರಾಸಿನಲ್ಲಿದ್ದರು. ತಾಯಿ ಅಲ್ಲೇ ತೀರಿಕೊಂಡರು. ವಿಂಬಲ್ಡನ್ನಿನಲ್ಲಿ ತಾಯಿಯ ಸೋದರಿ ಬೆಳೆಸಿದರು. ಪಿಯಾನೋ ಪಾಠ ಹೇಳಿಕೊಂಡಿದ್ದವರು ಓಲ್ಡ್ ವಿಕ್ ರಂಗಶಾಲೆ ಸೇರಿದ್ದು 1925ರಲ್ಲಿ, 33ನೇ ವಯಸ್ಸಿಗೆ. ದಪ್ಪ ಗಲ್ಲ, ದೊಡ್ಡ ದವಡೆ. ನಾಯಕಿಯ ಪಾತ್ರ ಯಾರು ಕೊಡುತ್ತಾರೆ?

1941ಕ್ಕೆ ಬನ್ನಿ. ನೋಯೆಲ್ ಕವರ್ಡ್ ಬರೆದ 'ಬ್ಲೈದ್ ಸ್ಪಿರಿಟ್' ನಾಟಕದಲ್ಲಿ ಮೇಡಂ ಆರ್ಕಾಟಿ ಎಂಬಾಕೆ ಪ್ರೇತಗಳನ್ನು ಕರೆಯುವವಳು. ಒಬ್ಬ ಕಾದಂಬರಿಕಾರ ತನ್ನ ಬರವಣಿಗೆಗೆ ಸರಕು ಸಿಗಲೆಂದು ಆಕೆಯನ್ನು ಊಟಕ್ಕೆ ಕರೆದಿರುತ್ತಾನೆ. ಇದು ಬರೀ ಬೂಟಾಟಿಕೆ ಎಂದೇ ಅವನ ಎಣಿಕೆ. ಆಕೆ ಸೈಕಲ್ಲಿನಲ್ಲಿ ಬರುತ್ತಾಳೆ. ತಡವಾಯಿತು ಎನ್ನುತ್ತಾಳೆ, ಕಾರಣವನ್ನೂ ಕೊಡುತ್ತಾಳೆ: ಟೈರು ಪಂಚರ್ ಆಗುತ್ತದೆಂದು ಮನಸ್ಸಿಗೆ ಹೊಳೆಯಿತಂತೆ, ಪಂಪು ತರಲು ಮನೆಗೆ ಹಿಂತಿರುಗಿದಳಂತೆ. ಪಂಚರ್ ಆಯಿತೇ? ಆಗಲಿಲ್ಲ.

ಈ ಜಾಗದಲ್ಲೇ ನಮ್ಮ ಕಲಾವಿದರು ಎಡವುವುದು. 'ಆಗಲಿಲ್ಲ' ಎಂದು ಪ್ರೇಕ್ಷಕರ ಕಡೆ ತಿರುಗಿ ಹುಬ್ಬು ಹಾರಿಸುತ್ತಾರೆ. ಒಂದು ನಗು ಬರುತ್ತದೆ, ನಿಜ. ಆದರೆ ಆ ಕ್ಷಣಕ್ಕೆ ಆರ್ಕಾಟಿ ಸತ್ತಳು! ಮೊದಲ ಅಂಕ ಮುಗಿಯುವುದರೊಳಗೆ ಆಕೆ ಕರೆದ ಪ್ರೇತ ನಿಜಕ್ಕೂ ಬರಬೇಕು, ಕಾದಂಬರಿಕಾರನ ಸತ್ತ ಹೆಂಡತಿ ಎದುರಿಗೆ ನಿಲ್ಲಬೇಕು. ಕರೆದವಳನ್ನೇ ಯಾರೂ ನಂಬದಿದ್ದರೆ ಬಂದವಳನ್ನು ಯಾರು ನಂಬುತ್ತಾರೆ? ಮುಂದಿನ ಎರಡು ಅಂಕವೂ ಕುಸಿಯುತ್ತವೆ.

ರುದರ್‌ಫರ್ಡ್ ಈ ಪಾತ್ರ ಒಪ್ಪಲು ಮೊದಲು ಹಿಂಜರಿದರು. ಪ್ರೇತಗಳನ್ನು ನಂಬುವವರ ಬಗ್ಗೆ ಅವರಿಗೆ ಗೌರವವಿತ್ತು, ಗೇಲಿ ಮಾಡಲು ಮನಸ್ಸಿರಲಿಲ್ಲ. ಒಪ್ಪಿದ ಮೇಲೆ ಆರ್ಕಾಟಿಯನ್ನು ತನ್ನ ಕಸುಬಿನಲ್ಲಿ ಪಳಗಿದ, ನಿಷ್ಠೆಯ ಹೆಂಗಸಾಗಿ ಆಡಿದರು. ಜನ ಬಿದ್ದು ಬಿದ್ದು ನಕ್ಕರು. 1945ರಲ್ಲಿ ಸಿನಿಮಾ ಆದಾಗಲೂ ಆ ಪಾತ್ರ ಅವರದೇ. ನಿರ್ದೇಶಕ ಡೇವಿಡ್ ಲೀನ್. ಮುಂದೆ ನಮ್ಮ ಸಾವನದುರ್ಗಕ್ಕೆ ಬಂದು ಚಿತ್ರೀಕರಣ ಮಾಡಿದರಲ್ಲ, ಅವರೇ.

ತಾಲೀಮಿನಲ್ಲಿ ಹೀಗೆ ಮಾಡಿ. ಮೊದಲು ಪಾತ್ರಕ್ಕೆ ಏನು ಬೇಕು ಎಂದು ಒಂದೇ ವಾಕ್ಯದಲ್ಲಿ ಹೇಳಿಕೊಳ್ಳಿ. ಆಮೇಲೆ ಕೈಗೊಂದು ಕೆಲಸ ಕೊಡಿ: ಕೈಚೀಲ ತೆರೆಯುವುದು, ಟೋಪಿ ತೆಗೆಯುವುದು. ಕಣ್ಣು ಎದುರಿನ ಪಾತ್ರದ ಮೇಲಿರಲಿ. ನಗು ಎದ್ದರೆ ಅದು ಏರಿ ಇಳಿಯಲು ತೊಡಗುವವರೆಗೆ ಕೈಕೆಲಸ ಮುಂದುವರಿಸಿ, ಪೂರ್ತಿ ಅಡಗುವ ಮುಂಚೆ ಮುಂದಿನ ಮಾತು ಎತ್ತಿ. ಅಡಗಲು ಬಿಟ್ಟರೆ ದೃಶ್ಯ ತಣ್ಣಗಾಗುತ್ತದೆ. ಅವಸರಪಟ್ಟರೆ ಮಾತು ನಗುವಿನಲ್ಲಿ ಮುಳುಗುತ್ತದೆ. ನಗಿಸಲು ಮಾತ್ರ ಹೋಗಬೇಡಿ, ದಯವಿಟ್ಟು.

ಉಳಿದದ್ದನ್ನು ಬೇಗ ಹೇಳುತ್ತೇನೆ, ಸಮಯ ಕಡಿಮೆ. ಆಸ್ಕರ್ ವೈಲ್ಡ್ ಅವರ ನಾಟಕದ ಮಿಸ್ ಪ್ರಿಸಮ್ ಪಾತ್ರವನ್ನು ರುದರ್‌ಫರ್ಡ್ ರಂಗದ ಮೇಲೂ 1952ರ ಸಿನಿಮಾದಲ್ಲೂ ಆಡಿದರು. 1961ರಿಂದ 1964ರೊಳಗೆ ಬಂದ ನಾಲ್ಕು ಸಿನಿಮಾಗಳಲ್ಲಿ ಪತ್ತೇದಾರಿ ಮಿಸ್ ಮಾರ್ಪಲ್ ಆದರು. ಜೊತೆಗೆ ಗಂಡ ಸ್ಟ್ರಿಂಗರ್ ಡೇವಿಸ್. ಮೈಮೇಲೆ ಸ್ವಂತ ಬಟ್ಟೆ. ಅಗಾಥಾ ಕ್ರಿಸ್ಟಿ ಬರೆದ ಮಾರ್ಪಲ್ ಸಣಕಲು ಮುದುಕಿ, ಇವರು ಭಾರೀ ಆಳು. ಆದರೂ ಕ್ರಿಸ್ಟಿ 1962ರಲ್ಲಿ ಒಂದು ಕಾದಂಬರಿಯನ್ನು ಇವರಿಗೇ ಅರ್ಪಿಸಿದರು. 'ದಿ ವಿಐಪೀಸ್' ಚಿತ್ರದಲ್ಲಿ ಹಣಕ್ಕೆ ಪರದಾಡುವ ಡಚೆಸ್ ಪಾತ್ರಕ್ಕೆ 1964ರ ಏಪ್ರಿಲ್‌ನಲ್ಲಿ ಅತ್ಯುತ್ತಮ ಪೋಷಕ ನಟಿ ಆಸ್ಕರ್ ಬಂತು, 71ನೇ ವಯಸ್ಸಿನಲ್ಲಿ. ಆ ಡಚೆಸ್ಸನ್ನು ಸಾಧ್ಯವಾದರೆ ಹುಡುಕಿ ನೋಡಿ. ಮೊದಲ ಸಲ ವಿಮಾನ ಹತ್ತುವವಳ ದಿಗಿಲನ್ನು ಅವರು ಎಷ್ಟು ಪ್ರಾಮಾಣಿಕವಾಗಿ ಆಡಿದ್ದಾರೆ ಎಂದು ಗಮನಿಸಿ. ಬೇಕಿದ್ದರೆ ಧ್ವನಿ ತೆಗೆದು, ಬರೀ ಕೈಗಳನ್ನು ನೋಡಿ. ನಮಸ್ಕಾರ.