ಆಮೆಯ ಮೂಗಲ್ಲಿ ಗುಳ್ಳೆ ಬಂದರೆ: ಮೈಕೋಪ್ಲಾಸ್ಮಾ ಅಗಸ್ಸಿಜೈ

[ಪರದೆ: ಮೊಹಾವೆ ಮರುಭೂಮಿಯ ಆಮೆ, ಮುಖ ಹತ್ತಿರದಿಂದ. ಮೂಗಿನ ಹೊಳ್ಳೆಯಲ್ಲಿ ಗುಳ್ಳೆ.]

ಈ ಗುಳ್ಳೆ ನೋಡಿ. ಆಮೆ ಈಗಷ್ಟೇ ನೀರು ಕುಡಿದಿದ್ದರೆ ಚಿಂತೆಯಿಲ್ಲ. ಆದರೆ ಸಿಂಬಳ ನಿಲ್ಲದೆ ಸುರಿಯುತ್ತಿದ್ದರೆ, ರೆಪ್ಪೆ ಊದಿದ್ದರೆ, ಮುಂಗಾಲುಗಳ ಮೇಲೆ ಒಣಗಿದ ಸಿಂಬಳಕ್ಕೆ ಮಣ್ಣು ಮೆತ್ತಿದ್ದರೆ ಮೊದಲು ಅನುಮಾನಿಸಬೇಕಾದದ್ದು ಮೈಕೋಪ್ಲಾಸ್ಮಾ ಅಗಸ್ಸಿಜೈ ಎಂಬ ಬ್ಯಾಕ್ಟೀರಿಯಾವನ್ನು. ಮುಂಗಾಲು ನೋಡೋದನ್ನು ಮರೆಯಬೇಡಿ. ಆಮೆ ಮೂಗು ಒರೆಸಿಕೊಳ್ಳೋದು ಅಲ್ಲೇ. ಮೂಗು ಒಣಗಿರುವ ದಿನವೂ ಗುರುತು ಅಲ್ಲಿ ಉಳಿದಿರುತ್ತೆ.

[ಪರದೆ: ಅಮೆರಿಕದ ನಕ್ಷೆ. ಕ್ಯಾಲಿಫೋರ್ನಿಯಾ, ಫ್ಲಾರಿಡಾ.]

1980ರ ದಶಕದ ಕೊನೆಯಲ್ಲಿ ಕ್ಯಾಲಿಫೋರ್ನಿಯಾದ ಮೊಹಾವೆಯಲ್ಲಿ ಮರುಭೂಮಿ ಆಮೆಗಳು ಹೀಗೆ ಮೂಗು ಸುರಿಸುತ್ತಾ ಕಾಣಿಸಿಕೊಂಡವು, ಸತ್ತವು. ಅದೇ ಕಾಲಕ್ಕೆ ಫ್ಲಾರಿಡಾದ ಗೋಫರ್ ಆಮೆಗಳಲ್ಲೂ ಕಾಯಿಲೆ ಕಂಡಿತು. 1990ರಲ್ಲಿ ಮೊಹಾವೆಯ ಆಮೆಗಳನ್ನು ಅಪಾಯದಲ್ಲಿರುವ ಜೀವಿಗಳ ಪಟ್ಟಿಗೆ ಸೇರಿಸಿದಾಗ ಲೆಕ್ಕಕ್ಕೆ ತೆಗೆದುಕೊಂಡ ಕಾರಣಗಳಲ್ಲಿ ಈ ರೋಗವೂ ಒಂದು. 1994ರಲ್ಲಿ ಆರೋಗ್ಯವಂತ ಆಮೆಗಳ ಮೂಗಿಗೆ ಈ ಬ್ಯಾಕ್ಟೀರಿಯಾ ಹಾಕಿ, ಅದೇ ಕಾಯಿಲೆ ಬರುತ್ತೆ ಎಂದು ತೋರಿಸಿದರು. ಇದು ಹೊಸ ಪ್ರಭೇದವೆಂದು ಅಧಿಕೃತವಾಗಿ ವಿವರಿಸಿದ್ದು 2001ರಲ್ಲಿ.

[ಪರದೆ: ಮೂಗಿನ ಒಳಪದರದ ಚಿತ್ರ.]

ಈ ಬ್ಯಾಕ್ಟೀರಿಯಾ ಮೂಗಿನ ಒಳಪದರಕ್ಕೆ ಅಂಟಿಕೊಳ್ಳುತ್ತೆ. ಪದರ ಕೆಡುತ್ತಾ ಹೋದಂತೆ ವಾಸನೆ ಹಿಡಿಯುವ ಜೀವಕೋಶಗಳೂ ಹಾಳಾಗುತ್ತವೆ. ಆಮೆ ಮೇವು ಹುಡುಕೋದು ಬಹಳಮಟ್ಟಿಗೆ ಮೂಗಿನಿಂದಲೇ. ವಾಸನೆ ಹೋದರೆ ತಿನ್ನೋದು ಕಡಿಮೆ, ಮೈ ಇಳಿಯುತ್ತೆ, ಕಣ್ಣು ಗುಳಿ ಬೀಳುತ್ತೆ. ಬರಗಾಲ ಜೊತೆಗೂಡಿದರೆ ಆಮೆ ಉಳಿಯೋದು ಕಷ್ಟ.

ಪೆನಿಸಿಲಿನ್ ಇಲ್ಲಿ ಕೆಲಸಕ್ಕೆ ಬರಲ್ಲ. ಅದು ಹೊಡೆಯೋದು ಬ್ಯಾಕ್ಟೀರಿಯಾದ ಕೋಶಭಿತ್ತಿಯನ್ನು, ಮೈಕೋಪ್ಲಾಸ್ಮಾಕ್ಕೆ ಆ ಭಿತ್ತಿಯೇ ಇಲ್ಲ. ವೈದ್ಯರು ಎನ್ರೋಫ್ಲಾಕ್ಸಸಿನ್ ಅಥವಾ ಕ್ಲಾರಿಥ್ರೋಮೈಸಿನ್ ಕೊಡುತ್ತಾರೆ. ಎನ್ರೋಫ್ಲಾಕ್ಸಸಿನ್ ಚುಚ್ಚಿದ ಜಾಗದ ಮಾಂಸಖಂಡ ಕೆಡಬಹುದು, ಹಾಗಾಗಿ ಮನೆಮದ್ದಿನ ಹಾಗೆ ಚುಚ್ಚುವ ಔಷಧಿ ಅಲ್ಲ ಇದು. ಮೂಗು ಒಣಗಿತು ಅಂದರೆ ವಾಸಿಯಾಯಿತು ಅಂತಲೂ ಅಲ್ಲ: ಬ್ಯಾಕ್ಟೀರಿಯಾ ಒಳಗೇ ಉಳಿದು, ತಿಂಗಳುಗಳ ನಂತರ ಮತ್ತೆ ಸುರಿಯಲು ಶುರುವಾಗಬಹುದು.

[ಪರದೆ: ಪ್ರಯೋಗಾಲಯ. ಮೂಗು ತೊಳೆದ ದ್ರವದ ಮಾದರಿ.]

ಪರೀಕ್ಷೆಯಲ್ಲಿ ಜನ ಎಡವೋದು ಇಲ್ಲೇ. ಪ್ರಯೋಗಾಲಯದಲ್ಲಿ ಇದನ್ನು ಬೆಳೆಸಲು 30 ಡಿಗ್ರಿ ಶಾಖ ಬೇಕು, ನಮ್ಮ ಮೈಬಿಸಿಯಾದ 37 ಅಲ್ಲ. ಅದಕ್ಕೂ ವಾರಗಟ್ಟಲೆ ಕಾಯಬೇಕು. ಬ್ಯಾಕ್ಟೀರಿಯಾದ ಡಿಎನ್ಎ ಹುಡುಕುವ ಪಿಸಿಆರ್ ಪರೀಕ್ಷೆ ಬೇಗ ಹೇಳುತ್ತೆ, ಆದರೆ ತೆಗೆದ ಮಾದರಿಯಲ್ಲಿ ಬ್ಯಾಕ್ಟೀರಿಯಾ ಇರಬೇಕು. ಎಲೈಸಾ ಎಂಬ ರಕ್ತಪರೀಕ್ಷೆ ಹುಡುಕೋದು ಪ್ರತಿಕಾಯವನ್ನು, ಅಂದರೆ ಸೋಂಕಿನ ವಿರುದ್ಧ ಆಮೆಯ ಮೈ ತಯಾರಿಸುವ ಪ್ರೋಟೀನನ್ನು. ಸೋಂಕು ತಗುಲಿದ ಮೇಲೆ ಪ್ರತಿಕಾಯ ಕಾಣಿಸಲು ಆಮೆಗೆ ಎರಡು ತಿಂಗಳ ಹತ್ತಿರ ಹಿಡಿಯಬಹುದು. ನಿನ್ನೆ ಸೋಂಕು ತಗುಲಿದ ಆಮೆ ಇವತ್ತಿನ ಎಲೈಸಾದಲ್ಲಿ ‘ಇಲ್ಲ’ ಅಂತಲೇ ಬರುತ್ತೆ. ಅದಕ್ಕೇ ಎರಡೂ ಬಗೆಯ ಪರೀಕ್ಷೆ, ನಡುವೆ ಪ್ರತ್ಯೇಕ ವಾಸ, ಆಮೇಲೆ ಇನ್ನೊಮ್ಮೆ ಪರೀಕ್ಷೆ. ಹರ್ಪಿಸ್ ವೈರಸ್, ಪಾಶ್ಚುರೆಲ್ಲಾ ಎಂಬ ಇನ್ನೊಂದು ಬ್ಯಾಕ್ಟೀರಿಯಾ ಕೂಡ ಮೂಗು ಸುರಿಸುತ್ತವೆ. ಬರೀ ಗುಳ್ಳೆ ನೋಡಿ ತೀರ್ಪು ಕೊಡಬೇಡಿ.

ಹರಡೋದು ಮುಖ್ಯವಾಗಿ ಮೂಗಿಗೆ ಮೂಗು ತಾಗಿ: ಜಗಳದಲ್ಲಿ, ಕೂಡುವಾಗ. ಮೈಕೋಪ್ಲಾಸ್ಮಾ ಹೊರಗೆ ಒಣಗಿದರೆ ಹೆಚ್ಚು ಹೊತ್ತು ಬದುಕಲ್ಲ. ಆದರೂ ಒಂದು ಆಮೆ ಮುಟ್ಟಿದ ಕೈಗವಸು ಬಿಸಾಡಿ, ಹೊಸದು ಹಾಕಿಕೊಂಡೇ ಇನ್ನೊಂದನ್ನು ಮುಟ್ಟಬೇಕು. ಮರುಭೂಮಿ ಆಮೆಯನ್ನು ಸುಮ್ಮಸುಮ್ಮನೆ ಎತ್ತಲೂಬಾರದು: ಗಾಬರಿಗೆ ಉಚ್ಚೆ ಹೊಯ್ದು, ಮೂತ್ರಕೋಶದಲ್ಲಿ ಕೂಡಿಟ್ಟ ನೀರನ್ನೆಲ್ಲ ಕಳೆದುಕೊಳ್ಳುತ್ತೆ.

[ಪರದೆ: ನಕ್ಷತ್ರ ಆಮೆ.]

ನಮ್ಮ ಬಯಲುಸೀಮೆಯ ಕುರುಚಲು ಕಾಡಿನ ನಕ್ಷತ್ರ ಆಮೆಯನ್ನು ಮನೆಯಲ್ಲಿ ಸಾಕೋದು ಅಪರಾಧ. ಕದ್ದು ಸಾಗಿಸುವವರು ಬೇರೆಬೇರೆ ಕಡೆ ಹಿಡಿದ ಆಮೆಗಳನ್ನು ಒಂದೇ ಚೀಲಕ್ಕೆ ತುಂಬುತ್ತಾರೆ, ಮೂಗಿಗೆ ಮೂಗು ತಾಗುವ ಹಾಗೆ. ಇಂಥ ಕಾಯಿಲೆಗಳಿಗೆ ಇದಕ್ಕಿಂತ ಅನುಕೂಲ ಬೇಕಾ? ನಿಮಗೆ ಒಂದು ಸಿಕ್ಕಿದರೆ, ಪುಣ್ಯ ಬರುತ್ತೆ ಅಂತ ಹತ್ತಿರದ ಕಾಡಿಗೆ ಬಿಡಬೇಡಿ. ರಟ್ಟಿನ ಪೆಟ್ಟಿಗೆಯಲ್ಲಿ ಒಂಟಿಯಾಗಿಟ್ಟು ಅರಣ್ಯ ಇಲಾಖೆಗೆ ಒಪ್ಪಿಸಿ, ಎಲ್ಲಿ ಸಿಕ್ಕಿತು ಅನ್ನೋದನ್ನು ಬರೆದು ಕೊಡಿ.