ಧಾರಾವಾಹಿ ಹಾರಿಬಿಟ್ಟ ವರ್ಷಗಳು

ಕೇಳುಗರೇ, ನಮಸ್ಕಾರ.

ಹೊತ್ತು ಮುಳುಗಿ ರೊಟ್ಟಿ ಬಡಿಯೋ ಕೆಲಸ ಮುಗೀತು ಅಂದ್ರೆ ನಮ್ಮ ಕಲಬುರಗಿ ಕಡೆ ಮನೆಮನೆಯಲ್ಲೂ ಧಾರಾವಾಹಿ ಶುರು. 2008ರಲ್ಲಿ ಹಿಂದಿಯಲ್ಲಿ 'ಬಾಲಿಕಾ ವಧು' ಬಂತು. ರಾಜಸ್ಥಾನದ ಪುಟ್ಟ ಹುಡುಗಿ ಆನಂದಿಯ ಮದುವೆಯ ಕಥೆ. ಆಮೇಲೆ ಅದೇ ಕಥೆ ಕನ್ನಡದಲ್ಲಿ 'ಪುಟ್ಟಗೌರಿ ಮದುವೆ' ಆಯಿತು. ನಮ್ಮ ಓಣಿಯ ಹೆಣ್ಣುಮಕ್ಕಳು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾ ನೋಡಿದರು. ನಾನೂ ಅತ್ತಿದ್ದೇನೆ.

ಒಂದು ಮಾತ್ರ ಮನಸ್ಸಿನಲ್ಲೇ ಉಳಿದಿದೆ. ಎರಡರಲ್ಲೂ ಹುಡುಗಿ ಇದ್ದಕ್ಕಿದ್ದಂತೆ ದೊಡ್ಡವಳಾಗಿಬಿಡುತ್ತಾಳೆ. ನಿನ್ನೆ ಆಡುತ್ತಿದ್ದ ಮಗುವಿನ ಜಾಗಕ್ಕೆ ಇವತ್ತು ಬೇರೆ ನಟಿ. ನಡುವಿನ ವರ್ಷಗಳನ್ನು ಕಥೆ ಹಾರಿಬಿಡುತ್ತದೆ. ನಮ್ಮ ಹುಡುಗಿಯರ ಬದುಕು ತೀರ್ಮಾನ ಆಗೋದೇ ಆ ವರ್ಷಗಳಲ್ಲಿ, ಅಲ್ವಾ?

ನಾನು ಹೈಸ್ಕೂಲ್ ಟೀಚರ್. ಚಿತ್ತಾಪುರ ಕಡೆಯ ಹುಡುಗಿಯೊಬ್ಬಳು ಎಸ್ಸೆಸ್ಸೆಲ್ಸಿ ಪಾಸಾಗಿ ನನ್ನ ಮುಂದೆ ಬಂದು ನಿಂತಳು. ಸೀರೆ ಅಂಗಡಿಯ ಪ್ಲಾಸ್ಟಿಕ್ ಕವರಿನಲ್ಲಿ ಅಂಕಪಟ್ಟಿ. "ಕಾಲೇಜಿಗೆ ಹೋಗ್ತೀನಿ ಅಂದ್ರ ಅಪ್ಪ ಬೈಯಂಗಿಲ್ರೀ ಮೇಡಂ. ಸುಮ್ನ ಕುಂದರ್ತಾನ" ಅಂದಳು. ಕವರಿನ ಅಂಚನ್ನು ಉಗುರಿನಿಂದ ಗೀರುತ್ತಲೇ ಇದ್ದಳು.

ಬಸ್ಸಿನ ಖರ್ಚು ಅಡ್ಡಿಯಲ್ಲ. 2023ರಿಂದ ಶಕ್ತಿ ಯೋಜನೆ ಇದೆ, ಸರ್ಕಾರಿ ಬಸ್ಸಿನಲ್ಲಿ ಅವಳಿಗೆ ದುಡ್ಡು ಬೇಕಿಲ್ಲ. ಆದರೆ ಸಂಜೆ ಬಸ್ ತಪ್ಪಿದರೆ ಜನ ಏನಂತಾರೆ? ಮೊಬೈಲಿನಲ್ಲಿ ಯಾರ ಜತೆ ಮಾತು? ತೊಗರಿ ರಾಶಿಗೆ ಆಳು ಸಿಗಲ್ಲ, ನಾಲ್ಕು ದಿನ ಸಾಲಿ ಬಿಟ್ಟರೆ ಏನಾಗುತ್ತೆ? ಅವಳ ತಮ್ಮನಿಗೆ ಯಾರೂ ಇವನ್ನು ಕೇಳುವುದಿಲ್ಲ. ಇಲ್ಲಿ ಕಣ್ಣು ಕೆಂಪು ಮಾಡುವ ಅತ್ತೆಯಿಲ್ಲ, ಕೈ ಎತ್ತುವವರಿಲ್ಲ. ಹಾಗಾಗಿ ಯಾರ ಕಣ್ಣಿಗೂ ಬೀಳುವುದಿಲ್ಲ.

18 ತುಂಬದ ಹುಡುಗಿಗೆ ಮದುವೆ ಮಾಡಿದರೆ ನಮ್ಮ ರಾಜ್ಯದಲ್ಲಿ ಅದು ಮದುವೆಯೇ ಅಲ್ಲ. 2006ರ ಬಾಲ್ಯವಿವಾಹ ನಿಷೇಧ ಕಾಯ್ದೆಗೆ ಕರ್ನಾಟಕ ತಂದ ತಿದ್ದುಪಡಿ ಹಾಗೆ ಹೇಳುತ್ತದೆ. ಮಕ್ಕಳ ಸಹಾಯವಾಣಿ 1098. ಈ ನಂಬರನ್ನು ಹುಡುಗಿಯರ ನೋಟ್‌ಬುಕ್ಕಿನ ಕೊನೇ ಹಾಳೆಯಲ್ಲಿ ನಾನೇ ಬರೆಸುತ್ತೇನೆ. ಆದರೆ ಅಪ್ಪ ಸುಮ್ಮನೆ ಕೂತರೆ ಯಾವ ನಂಬರಿಗೆ ಫೋನ್ ಮಾಡೋದು?

ಆ ಭಾನುವಾರ ಅವರ ಮನೆಗೆ ಹೋದೆ. ಕಟ್ಟೆ ಮೇಲೆ ಕೂತು ಅವರಪ್ಪನನ್ನು ಕೇಳಿದೆ: "ಅಣ್ಣಾ, ಮಗಳು ಏನಾಗ್ಬೇಕಂತಾಳ, ಒಮ್ಮೆರ ಕೇಳೀರೇನ್ರೀ?" ಅವರು ಮಗಳ ಕಡೆ ತಿರುಗಿದರು. ಅವಳು ಅಂಕಪಟ್ಟಿ ತೆಗೆದು ಅಪ್ಪನ ಕೈಗೆ ಕೊಟ್ಟಳು. ಓದು ಬರಹ ಬಾರದ ಮನುಷ್ಯ, ಅದನ್ನು ಬಹಳ ಹೊತ್ತು ಹಿಡಿದುಕೊಂಡೇ ಇದ್ದರು. ಆಮೇಲೆ ಕೇಳಿದರು, "ಮುಂಜಾನಿ ಬಸ್ಸು ಎಷ್ಟಕ್ಕದ?"

ನಮಸ್ಕಾರ.